ಮೂವತ್ತು ಸೆಕೆಂಡಿಗೆ ಕಡಿಮೆ ಇಲ್ಲ

ಮ್ಯೂನಿಕ್‌ನವರಿಗೆ ಗಾಳಿ ಬೇಕಂತೆ.
ಹನ್ನೊಂದು ಸೆಕೆಂಡಿನಷ್ಟು, ಕಪ್ಪು ಬಿಳುಪು,
ಐವತ್ತರ ದಶಕದ್ದು, ಬಂದರಿನ ಬೀದಿಯದು.
ಯಾವ ಊರೆಂದು ಗೊತ್ತಾಗಬಾರದು;
ಅವರ ಸಿನಿಮಾದಲ್ಲಿ ಅದು ಹ್ಯಾಂಬರ್ಗ್.

ನಿವೆಸ್ ಗುಸ್ತಿನ್ ಸ್ವೆಟರಿನ ಮೇಲೊಂದು ಸ್ವೆಟರು ಹೇರಿಕೊಂಡು
ನೆಲಮಾಳಿಗೆಗೆ ಇಳಿಯುತ್ತಾಳೆ.
ತ್ರಿಯೆಸ್ತೆಯಲ್ಲಿ ಗಾಳಿಗೆ ಬರವೇ?
ಬೋರಾ ಎಂದು ಅದಕ್ಕೊಂದು ಹೆಸರೇ ಇದೆ,
ಬೆಟ್ಟ ಇಳಿದು ಬಂದರೆ ಕಡಲೂ ಬೆನ್ನು ಬಗ್ಗಿಸುತ್ತದೆ.
ಇಲ್ಲಿ ಅದನ್ನು ನಾಲ್ಕು ಡಿಗ್ರಿಯಲ್ಲಿ ಡಬ್ಬಿಗೆ ತುಂಬಿ
ಉಪ್ಪಿನಕಾಯಿ ಭರಣಿಯ ಹಾಗೆ ಸಾಲಾಗಿ ಇಟ್ಟಿದ್ದಾರೆ.
ಮುಚ್ಚಳ ತೆಗೆದರೆ ಕೆಲವು ಹುಳಿ ನಾರುತ್ತವೆ:
ರೀಲು ತನ್ನನ್ನು ತಾನೇ ತಿನ್ನತೊಡಗಿದ ವಾಸನೆ.

ಡಬ್ಬಿ ಇನ್ನೂರ ಹನ್ನೆರಡು. ತೆಗೆದವನು ಹಲ್ಲಿನ ಡಾಕ್ಟರು,
ಒತ್ತಾವಿಯೊ ಬ್ರುಮಾತಿ. ಐವತ್ತನಾಲ್ಕರ ಫೆಬ್ರವರಿ.
ಬೀದಿಯುದ್ದಕ್ಕೂ ಹಗ್ಗ ಕಟ್ಟಿದೆ, ಅದನ್ನು ಹಿಡಿದು
ಮಕ್ಕಳ ರೈಲಾಟದಂತೆ ದೊಡ್ಡವರು, ಒಬ್ಬರ ಹಿಂದೊಬ್ಬರು.
ಪಾದ್ರಿಯ ನಿಲುವಂಗಿ ಕೊಡೆಯಾಗುತ್ತದೆ. ಒಂದು ಟೋಪಿ ಹಾರುತ್ತದೆ.
ಹದಿನಾರನೆಯ ಸೆಕೆಂಡಿಗೆ, ಹಗ್ಗ ಮುಟ್ಟದೆ,
ಎರಡೂ ಕೈ ಕೋಟಿನ ಜೇಬಿನಲ್ಲಿಟ್ಟುಕೊಂಡು
ಒಬ್ಬಳು ಬರುತ್ತಾಳೆ.

ಅಲ್ಲಿಯತನಕ ನಡುಗುತ್ತಿದ್ದ ಡಾಕ್ಟರ ಕೈ
ನಿಲ್ಲುತ್ತದೆ.

ದರಪಟ್ಟಿ: ಸೆಕೆಂಡಿಗೆ ನಲವತ್ತೈದು ಯೂರೋ.
ಚಿತ್ರೋತ್ಸವಕ್ಕಷ್ಟೇ ಆದರೆ ಅರ್ಧ, ಐದು ವರ್ಷಕ್ಕಾದರೆ ಮುಕ್ಕಾಲು.
ಮೂವತ್ತು ಸೆಕೆಂಡಿಗೆ ಕಡಿಮೆ ಮಾರುವುದಿಲ್ಲ.
ಹನ್ನೊಂದು ಬೇಕಾದವರು ಹತ್ತೊಂಬತ್ತನ್ನು
ದಂಡ ತೆತ್ತಂತೆ ಕೊಳ್ಳಬೇಕು.

ಮ್ಯೂನಿಕ್‌ನವರು ಪೂರ್ತಿ ಹಕ್ಕನ್ನೇ ಕೇಳಿದರು:
ಸಮಸ್ತ ಜಗತ್ತು, ಸಮಸ್ತ ಕಾಲ,
ಈಗಿರುವ ಮತ್ತು ಇನ್ನು ಮುಂದೆ ಹುಟ್ಟಲಿರುವ ಸಕಲ ಮಾಧ್ಯಮ.
ಹಳೆಯ ದಾನಶಾಸನವೇ ಸರಿ. ಆಚಂದ್ರಾರ್ಕವಾಗಿ
ಒಂದು ಟೋಪಿಯ ಹಾರಾಟವನ್ನು ಧಾರೆಯೆರೆದು ಕೊಡುವುದು.
ಅಳಿಪಿದವನಿಗೆ ಕವಿಲೆ ಕೊಂದ ಪಾಪ ಬರೆದಿಲ್ಲ, ಅಷ್ಟೇ;
ಯಾವ ಕೋರ್ಟಿಗೆ ಹೋಗಬೇಕೆಂದು ಬರೆದಿದೆ.

ಆದರೆ ಧಾರೆ ಎರೆಯುವವರು ಯಾರು?
ಡಾಕ್ಟರು ತೀರಿಕೊಂಡು ನಲವತ್ತು ವರ್ಷ.
ಪೌರಸಭೆಯ ಕಡತ, ಚರ್ಚಿನ ಕಡತ, ಹಡಗು ಹತ್ತಿದವರ ಪಟ್ಟಿ,
ಒಬ್ಬ ದೂರದ ಸಂಬಂಧಿಯ ಮುನಿಸು, ಎರಡು ತಪ್ಪು ನಂಬರು.
ಕೊನೆಗೆ ಮೆಲ್ಬರ್ನ್‌ನಲ್ಲಿ ಮಗಳು, ಫುಲ್ವಿಯಾ, ಎಂಬತ್ತೊಂದು.
ದುಡ್ಡಿನ ಮಾತು ಎತ್ತಲೇ ಇಲ್ಲ.
"ಆ ಹಸಿರು ಕೋಟಿನವಳು ಇನ್ನೂ ಇದ್ದಾಳಾ ಅದರಲ್ಲಿ?"

ಇದ್ದಾಳೆ.

"ಭಾನುವಾರ ಸಂಜೆ ಗೋಡೆಗೆ ದುಪ್ಪಟಿ ಕಟ್ಟಿ ಅಪ್ಪ ತೋರಿಸೋನು.
ಅವಳು ಬರೋ ಹೊತ್ತಿಗೆ ಸರಿಯಾಗಿ
ಕಾಫಿ ಉಕ್ಕಿತು ಅಂತ ಅಮ್ಮ ಎದ್ದು ಹೋಗೋಳು.
ಪ್ರತಿ ಸಲ ಉಕ್ಕೋದು.
ಒಂದು ಸಲ ಹಿಂದೆಯೇ ಹೋಗಿ ನೋಡಿದೆ.
ಒಲೆ ಹಚ್ಚಿರಲಿಲ್ಲ."

ಆಮೇಲೆ, ಮಾರು ಅಂದಳೋ ಮಾರಬೇಡ ಅಂದಳೋ,
ಅಲ್ಲಿ ಕಿಟಕಿಯಾಚೆ ಗಿಳಿಗಳ ಗದ್ದಲ.
ಸಹಿ ಮಾತ್ರ ಮರುವಾರ ಬಂತು, ಗೆರೆ ಬಿಟ್ಟು ಓರೆಯಾಗಿ,
ಗಾಳಿಗೆ ಎದುರು ನಡೆದವರ ಹಾಗೆ.

ಮ್ಯೂನಿಕ್‌ನವರು ಟೋಪಿಯ ತನಕ ಇಟ್ಟುಕೊಂಡು ಕತ್ತರಿಸಿದರು.
ಉಳಿದದ್ದೂ ಅವರದೇ, ಬೆಲೆ ಕೊಟ್ಟದ್ದು;
ಯಾವುದೋ ಹಾರ್ಡ್ ಡಿಸ್ಕಿನಲ್ಲಿ, ಹ್ಯಾಂಬರ್ಗ್ ಆಗದೆ ಉಳಿದ ಬೀದಿಯಲ್ಲಿ
ಜೇಬಿನಿಂದ ಕೈ ತೆಗೆಯದೆ ಅವಳು ನಡೆದೇ ಇದ್ದಾಳೆ.

ಕಡತ ಮುಚ್ಚುವ ಮುನ್ನ ನಿವೆಸ್ ಒಂದು ಕಲಮು ತುಂಬಬೇಕು:
ದೃಶ್ಯದಲ್ಲಿ ಗುರುತಿಸಬಹುದಾದ ವ್ಯಕ್ತಿಗಳು.
ಎಂದೂ 'ಇಲ್ಲ' ಎಂದೇ ಬರೆಯುವವಳು ಈ ಸಲ ಬರೆದಳು:
ಒಬ್ಬಳು. ಹೆಸರು ತಿಳಿಯದು. ಕೋಟು ಹಸಿರು.

ಎರಡು ದಿನಕ್ಕೆ ಮ್ಯೂನಿಕ್‌ನಿಂದ ಓಲೆ:
ಚಿತ್ರ ಕಪ್ಪು ಬಿಳುಪಲ್ಲವೇ?
ದಯವಿಟ್ಟು ತಿದ್ದಿ.